ಆ ಹಡಗು ಹತ್ತಿದ್ದು ಓಡಿಹೋಗೋಕಲ್ಲ, ಮೇಷ್ಟ್ರೇ

ನಮಸ್ಕಾರ ಮೇಷ್ಟ್ರೇ,

ನಿಮ್ಮ ಇನ್‌ಲ್ಯಾಂಡ್ ಲೆಟರ್ ಬಂದು ಮೂರು ವಾರ ಆಯ್ತು. ಅಂಟಿಸೋ ಅಂಚಿನ ಮೇಲೂ ಎರಡು ಸಾಲು ತುಂಬಿಸಿದ್ದೀರಿ, ಬಿಚ್ಚುವಾಗ ಅದರಲ್ಲಿ ಅರ್ಧ ಹರಿದುಹೋಯ್ತು. ಉಳಿದಿದ್ದಷ್ಟನ್ನು ಆಫೀಸಿನಲ್ಲಿ ಗಟ್ಟಿಯಾಗಿ ಓದಿದೆವು. ಸಿಟ್ಟು ಚೆನ್ನಾಗಿದೆ. ಸುಮ್ನೆ ಎರಡು ಸಾಲಿನಲ್ಲಿ 'ನಿಮ್ಮ ಅಭಿಪ್ರಾಯಕ್ಕೆ ವಂದನೆ' ಅಂತ ಮುಗಿಸೋ ಪತ್ರ ಅಲ್ಲ ಇದು.

ಬೇರೆ ಓದುಗರಿಗೆ ವಿಷಯ ಗೊತ್ತಾಗಲಿ. ಕಾನ್ ಚಿತ್ರೋತ್ಸವದ ಬಗ್ಗೆ ನಾವು ಹಾಕಿದ ಲೇಖನದ ಪಕ್ಕದಲ್ಲಿ ಒಂದು ಸಣ್ಣ ಚೌಕ ಇತ್ತು. ಆ ಉತ್ಸವ ಶುರುವಾಗಲು ಕಾರಣರಾದ ಫ್ರೆಂಚ್ ಮಂತ್ರಿ ಜಾನ್ ಝೇ ಬಗ್ಗೆ ಅದರಲ್ಲಿ ನಾಲ್ಕು ಸಾಲು. ವಕೀಲ, ಪತ್ರಕರ್ತ, ರಾಜಕಾರಣಿ, 'ಜರ್ಮನ್ನರ ಕೈಯಲ್ಲಿ ಹುತಾತ್ಮ' ಅಂತ ಬರೆದಿದ್ದೆವು. ಅದಕ್ಕೆ ನಿಮ್ಮ ತಕರಾರು ಮೂರು. ಒಂದು, ಆತ ಯುದ್ಧದ ನಡುವೆ ಹಡಗು ಹತ್ತಿ ಓಡಿಹೋದ, ಸೇನೆ ಬಿಟ್ಟು ಓಡಿದ ಅಂತ ಕೋರ್ಟೇ ಹೇಳಿದೆ. ಎರಡು, ದೇಶದ ಬಾವುಟವನ್ನೇ ಗಲೀಜು ಅಂತ ಬೈದು ಪದ್ಯ ಬರೆದವನು. ಮೂರು, ಜೊತೆಗೆ ಜೈಲಿಗೆ ಹೋದ ಇನ್ನೊಬ್ಬ ತಪ್ಪಿಸಿಕೊಂಡು ಹೋಗಿ ಹೋರಾಡಿದ, ಈತ ಯಾಕೆ ನಾಲ್ಕು ವರ್ಷ ಸುಮ್ಮನೆ ಕೂತ? ನಿಮ್ಮ ಅಣ್ಣ ಸೇನೆಯಲ್ಲಿದ್ದವರು ಅಂತ ಬರೆದಿದ್ದೀರಿ, ಹಾಗಾಗಿ ಮೊದಲನೆಯ ಪ್ರಶ್ನೆ ನಿಮಗೆ ಯಾಕೆ ಅಷ್ಟು ಚುಚ್ಚಿತು ಅಂತ ಅರ್ಥವಾಗುತ್ತೆ.

ಅದಕ್ಕೂ ಮುಂಚೆ ನಮ್ಮದೇ ಒಂದು ತಪ್ಪು ಒಪ್ಪಿಕೊಳ್ಳಬೇಕು. ನೀವು ಅದನ್ನು ಹಿಡಿದಿಲ್ಲ, ಆಶ್ಚರ್ಯ! ಝೇಯನ್ನು ಕೊಂದವರು ಜರ್ಮನ್ನರಲ್ಲ. ಬಂಧಿಸಿದವರು, ವಿಚಾರಣೆ ಮಾಡಿದವರು, ಬೀಗ ಹಾಕಿದವರು, ಕೊನೆಗೆ ಗುಂಡು ಹಾರಿಸಿದವರು ಎಲ್ಲರೂ ಫ್ರೆಂಚರೇ. 'ಜರ್ಮನ್ನರ ಕೈಯಲ್ಲಿ' ಅಂತ ಬರೆಯುವುದು ಎಷ್ಟು ಸಲೀಸು ನೋಡಿ, ಕೈ ತಾನೇ ಬರೆದುಬಿಡುತ್ತೆ. ಪರರ ಆಳ್ವಿಕೆ ಅಂದರೆ ಊರ ತುಂಬ ಪರದೇಶದ ಸಿಪಾಯಿಗಳು ಅನ್ನೋ ಚಿತ್ರ ನಮ್ಮ ತಲೆಯಲ್ಲಿ ಕೂತುಬಿಟ್ಟಿದೆ. ಝೇಯ ಕಥೆಯಲ್ಲಿ ಅವರು ಕಾಣಿಸೋದೇ ಕಡಿಮೆ.

ಈಗ ಹಡಗಿಗೆ ಬರೋಣ.

ಝೇ ಹುಟ್ಟಿದ್ದು 1904ರಲ್ಲಿ, ಒರ್ಲಿಯಾನ್‌ನಲ್ಲಿ. ತಂದೆ ಯಹೂದಿ ಮನೆತನದವರು, ಊರಿನ ಪತ್ರಿಕೆಯೊಂದನ್ನು ನಡೆಸುತ್ತಿದ್ದರು. ತಾಯಿ ಪ್ರಾಟೆಸ್ಟೆಂಟ್, ಶಾಲೆಯ ಟೀಚರ್. ಹುಡುಗ ಬೆಳೆದದ್ದು ಅಚ್ಚಿನ ಮಸಿ ವಾಸನೆಯಲ್ಲಿ. ಅಪ್ಪನ ಪತ್ರಿಕೆಗೆ ಬರೆಯುತ್ತಲೇ ಕಾನೂನು ಓದಿ 1928ರಲ್ಲಿ ವಕೀಲನಾದ, 1932ರಲ್ಲಿ 27ನೇ ವಯಸ್ಸಿಗೆ ಸಂಸತ್ತಿಗೆ ಗೆದ್ದ, 1936ರ ಜೂನ್‌ನಲ್ಲಿ, ಇನ್ನೂ 32 ತುಂಬುವ ಮೊದಲೇ, ಲಿಯೋನ್ ಬ್ಲೂಮ್ ಸರ್ಕಾರದಲ್ಲಿ ಶಿಕ್ಷಣ ಮತ್ತು ಕಲೆಗಳ ಮಂತ್ರಿ. ಮೂರು ವರ್ಷ ಸರ್ಕಾರಗಳು ಬಿದ್ದವು ಎದ್ದವು, ಈತ ಮಾತ್ರ ಅದೇ ಕುರ್ಚಿಯಲ್ಲಿ. ಕಡ್ಡಾಯ ಶಿಕ್ಷಣದ ವಯಸ್ಸನ್ನು 14ಕ್ಕೆ ಏರಿಸಿದ್ದು, ಶಾಲೆಯೊಳಗೆ ರಾಜಕೀಯ ಪ್ರಚಾರ, ಧರ್ಮಪ್ರಚಾರ ಎರಡೂ ಬೇಡ ಅಂತ ಸುತ್ತೋಲೆ ಹೊರಡಿಸಿದ್ದು ಈತನೇ. ನೀವು ಮೂವತ್ತು ವರ್ಷ ಪಾಠ ಮಾಡಿದವರು, ಇಂಥ ಸುತ್ತೋಲೆಗೆ ಎಷ್ಟು ಶತ್ರುಗಳು ಹುಟ್ಟುತ್ತಾರೆ ಅಂತ ನಿಮಗೆ ನಾನು ಹೇಳಬೇಕಾ?

ಕಾನ್ ವಿಷಯ ಬೇಗ ಹೇಳಿ ಮುಗಿಸುತ್ತೇನೆ. 1938ರಲ್ಲಿ ವೆನಿಸ್ ಚಿತ್ರೋತ್ಸವದ ದೊಡ್ಡ ಬಹುಮಾನ ಹಿಟ್ಲರನ ಮೆಚ್ಚಿನ ನಿರ್ದೇಶಕಿಯ ಚಿತ್ರಕ್ಕೂ ಮುಸೊಲಿನಿಯ ಕಡೆಯವರ ಚಿತ್ರಕ್ಕೂ ಹೋಯ್ತು. ಹಾಗಾದರೆ ನಮ್ಮಲ್ಲೇ ಒಂದು ಉತ್ಸವ ಮಾಡೋಣ ಅನ್ನೋ ಯೋಚನೆಗೆ ಝೇ ಬೆನ್ನು ಕೊಟ್ಟ. ಉದ್ಘಾಟನೆ 1939ರ ಸೆಪ್ಟೆಂಬರ್ 1ಕ್ಕೆ. ಅವತ್ತೇ ಹಿಟ್ಲರ್ ಪೋಲೆಂಡಿಗೆ ನುಗ್ಗಿದ. ಉತ್ಸವ ರದ್ದು.

ಮರುದಿನ ಈ ಮಂತ್ರಿ ಏನು ಮಾಡಿದ ಗೊತ್ತಾ? ರಾಜೀನಾಮೆ ಬರೆದುಕೊಟ್ಟ. ನನಗೆ 35 ವರ್ಷ, ನನ್ನ ವಯಸ್ಸಿನವರೆಲ್ಲ ಯುದ್ಧಕ್ಕೆ ಹೊರಟಿದ್ದಾರೆ, ಅವರ ಪಾಡೇ ನನಗೂ ಇರಲಿ ಅನ್ನೋ ಅರ್ಥದಲ್ಲಿ ಪ್ರಧಾನಿಗೆ ಪತ್ರ. ಮಂತ್ರಿಯಾಗಿ ಉಳಿಯಬಹುದಿತ್ತು, ಯಾರೂ ಕೇಳುತ್ತಿರಲಿಲ್ಲ. ಸೇನೆಯಲ್ಲಿ ಸೆಕೆಂಡ್ ಲೆಫ್ಟಿನೆಂಟ್ ಆಗಿ ಹೋದ. ನಿಮ್ಮ ಅಣ್ಣನವರಿಗೆ ಈ ಹುದ್ದೆ ಎಷ್ಟು ಕೆಳಗಿನದು ಅಂತ ಗೊತ್ತಿರುತ್ತೆ.

1940ರ ಜೂನ್. ಪ್ಯಾರಿಸ್ ಬಿದ್ದಿದೆ, ಸರ್ಕಾರ ಬೋರ್ಡೋಗೆ ಓಡಿದೆ. ಸಂಸತ್ ಸದಸ್ಯರನ್ನು ಉತ್ತರ ಆಫ್ರಿಕಾಕ್ಕೆ ಕರೆದೊಯ್ಯಬೇಕು, ಅಲ್ಲಿಂದ ಯುದ್ಧ ಮುಂದುವರಿಸಬೇಕು ಅನ್ನೋ ಮಾತು ನಡೆದು, ಅದಕ್ಕಾಗಿ ಸರ್ಕಾರವೇ ಮಸಿಲಿಯಾ ಅನ್ನೋ ಹಡಗು ಗೊತ್ತು ಮಾಡಿತು. ಇಲ್ಲಿ ಗಮನ ಕೊಡಿ ಮೇಷ್ಟ್ರೇ, ಸರ್ಕಾರವೇ ಕೊಟ್ಟ ಹಡಗು. ಝೇ ತನ್ನ ಮೇಲಧಿಕಾರಿಗಳ ಅನುಮತಿ ಪಡೆದು ಸಂಸತ್ತಿಗೆಂದು ಬಂದಿದ್ದ. ಜೂನ್ 21ಕ್ಕೆ ಹಡಗು ಹೊರಟಿತು, ಒಳಗೆ 27 ಸಂಸದರು. ಮರುದಿನ ಇತ್ತ, ಆಗಷ್ಟೇ ಪ್ರಧಾನಿಯಾಗಿದ್ದ ಮಾರ್ಷಲ್ ಪೆತಾಂ ಸರ್ಕಾರ ಜರ್ಮನಿಯ ಜೊತೆ ಕದನವಿರಾಮಕ್ಕೆ ಸಹಿ ಹಾಕಿಬಿಟ್ಟಿತು. ಹಡಗು ಮೊರಾಕೊದ ಕಾಸಾಬ್ಲಾಂಕಾ ಮುಟ್ಟುವ ಹೊತ್ತಿಗೆ ಅದರಲ್ಲಿದ್ದವರೆಲ್ಲ ಹೋರಾಟಕ್ಕೆ ಹೊರಟವರಲ್ಲ, ಓಡಿಹೋದವರು! ರೇಡಿಯೊ, ಪತ್ರಿಕೆ ಎಲ್ಲ ಅದನ್ನೇ ಹಾಡಿದವು. ಬಸ್ ಹತ್ತಿಸಿದ ಕಂಡಕ್ಟರೇ ಮುಂದಿನ ಸ್ಟಾಪಿನಲ್ಲಿ ಟಿಕೆಟ್ ಇಲ್ಲದವನು ಅಂತ ಪೊಲೀಸರಿಗೆ ಹಿಡಿದುಕೊಟ್ಟ ಹಾಗೆ. ಜುಲೈ 10ಕ್ಕೆ ವಿಶಿ ಅನ್ನೋ ಊರಿನಲ್ಲಿ ಸಂಸತ್ತು ಸೇರಿ ಪೆತಾಂಗೆ ಪೂರ್ಣಾಧಿಕಾರ ಕೊಟ್ಟಿತು, ಮುಂದೆ ವಿಶಿ ಸರ್ಕಾರ ಅನ್ನೋದು ಇದನ್ನೇ. ವಿರೋಧವಾಗಿ ಬಿದ್ದಿದ್ದು 80 ಮತ. ಹಡಗಿನಲ್ಲಿದ್ದವರು ಆಫ್ರಿಕಾದಲ್ಲಿ ಸಿಕ್ಕಿಹಾಕಿಕೊಂಡಿದ್ದರು, ಮತ ಹಾಕೋಕೆ ಬರಲಾಗಲಿಲ್ಲ. ಯಾರಿಗೆ ಅನುಕೂಲ ಆಯ್ತು ಅಂತ ನೀವೇ ಲೆಕ್ಕ ಹಾಕಿ.

ಆಗಸ್ಟ್‌ನಲ್ಲಿ ಮೊರಾಕೊದಲ್ಲೇ, ರಬಾತ್ ಊರಿನಲ್ಲಿ ಝೇ ಬಂಧನ. ಹೆಂಡತಿ ಮ್ಯಾಡಲೀನ್ ತುಂಬು ಬಸುರಿ, ಎರಡನೇ ಮಗಳು ಎಲೆನ್ ಹುಟ್ಟಿದ್ದು ಅದೇ ತಿಂಗಳು, ಅದೇ ಊರಿನಲ್ಲಿ.

ನೀವು ಹೇಳೋ ಕೋರ್ಟಿನ ತೀರ್ಪು ಬಂದದ್ದು 1940ರ ಅಕ್ಟೋಬರ್ 4ಕ್ಕೆ, ಕ್ಲೆರ್ಮಾನ್ ಫೆರಾಂದ್ ಊರಿನ ಸೇನಾ ನ್ಯಾಯಾಲಯದಲ್ಲಿ. ಯಹೂದಿಗಳನ್ನು ಸರ್ಕಾರಿ ಕೆಲಸಗಳಿಂದ ಹೊರಹಾಕುವ ವಿಶಿ ಸರ್ಕಾರದ ಕಾನೂನಿನ ಮೇಲಿರುವ ತಾರೀಖು ಅಕ್ಟೋಬರ್ 3. ಅಂದರೆ ಹಿಂದಿನ ದಿನ. ಒಂದೇ ಹಡಗಿನಲ್ಲಿ ಹೋದ ನಾಲ್ವರು ಸೇನಾಧಿಕಾರಿ ಸಂಸದರ ಮೇಲೆ ಒಂದೇ ಆರೋಪ ಇತ್ತು. ಒಬ್ಬರ ಕೇಸು ಬಿದ್ದುಹೋಯ್ತು. ಇನ್ನೊಬ್ಬರಿಗೆ ಎಂಟು ವರ್ಷ, ಆದರೆ ಶಿಕ್ಷೆ ಅಮಾನತು. ಪಿಯೆರ್ ಮಾಂದೆಸ್ ಫ್ರಾನ್ಸ್‌ಗೆ ಆರು ವರ್ಷ ಜೈಲು. ಝೇಗೆ? ಜೀವಮಾನದ ಗಡೀಪಾರು, ಮೇಲೆ ಸೇನಾ ಪದವಿ ಕಿತ್ತುಕೊಳ್ಳುವ ಅವಮಾನ. 1894ರಲ್ಲಿ ಡ್ರೈಫಸ್ ಅನ್ನೋ ಯಹೂದಿ ಅಧಿಕಾರಿಗೆ ಸುಳ್ಳು ದಾಖಲೆ ಮೇಲೆ ಕೊಟ್ಟಿದ್ದ ಶಿಕ್ಷೆಯೂ ಇದೇ. ಆ ನ್ಯಾಯಾಧೀಶರಿಗೆ ಇದು ನೆನಪಿರಲಿಲ್ಲ ಅಂತ ನಾನಂತೂ ನಂಬೋದಿಲ್ಲ.

ನೀವು ಹಿಡಿದ ಕೋರ್ಟಿನ ಕಾಗದಕ್ಕೆ ಎದುರಾಗಿ ಇನ್ನೊಂದು ಕೋರ್ಟಿನ ಕಾಗದ ಇದೆ. 1945ರ ಜುಲೈ 5ರಂದು ರಿಯೋಂ ಊರಿನ ಮೇಲ್ಮನವಿ ನ್ಯಾಯಾಲಯ ಆ ತೀರ್ಪನ್ನು ರದ್ದು ಮಾಡಿತು. ಯುದ್ಧಕ್ಕೆ ಮುಂಚಿನ ರಾಜಕೀಯಕ್ಕಾಗಿ ಒಬ್ಬ ಸಂಸದನನ್ನು ದಂಡಿಸಬೇಕು ಅನ್ನೋ ಆಸೆ ಬಿಟ್ಟರೆ ಈ ಕೇಸಿಗೆ ಬೇರೆ ಕಾರಣವೇ ಕಾಣೋದಿಲ್ಲ, ಇದು ಅದರ ತಾತ್ಪರ್ಯ. ಆ ಹೊತ್ತಿಗೆ ಝೇ ಸತ್ತು ಒಂದು ವರ್ಷ ಆಗಿತ್ತು.

ಪದ್ಯದ ಕಥೆ. ಬರೆದದ್ದು ನಿಜ, ನಾವು ಚೌಕದಲ್ಲಿ ಅದನ್ನು ಹೇಳದೆ ಬಿಟ್ಟದ್ದೂ ನಿಜ. ಜಾಗ ಇರಲಿಲ್ಲ ಅನ್ನೋದು ನೆಪ, ಹೇಳಬೇಕಿತ್ತು. 1924ರಲ್ಲಿ, 19ರ ಹುಡುಗ, ಯುದ್ಧವಿರೋಧಿ ಬರಹಗಾರರ ಧಾಟಿಯನ್ನು ಅನುಕರಿಸಿ ಗೆಳೆಯರ ನಡುವೆ ಬರೆದ ಅಣಕವಾಡು ಅದು. 15 ಲಕ್ಷ ಜನ ಸತ್ತಿದ್ದು ಈ ಗಲೀಜಿಗಾಗಿ ಅಂತ ಶುರುವಾಗುತ್ತೆ. ಮೊದಲ ಮಹಾಯುದ್ಧ ಮುಗಿದು ಆಗಿನ್ನೂ ಆರು ವರ್ಷ. ಅಚ್ಚಿಗಂತ ಬರೆದದ್ದಲ್ಲ. ಆದರೆ ಹಾಳೆ ಹೇಗೋ ವಿರೋಧಿಗಳ ಕೈ ಸೇರಿತು. ಎಂಟು ವರ್ಷದ ಮೇಲೆ ಚುನಾವಣೆಯಲ್ಲಿ ಹೊರಗೆ ಬಂತು, ಆಮೇಲೆ ಆತ ಬದುಕಿರುವವರೆಗೂ ಬೆನ್ನು ಬಿಡಲಿಲ್ಲ. ಸತ್ತ ಮೇಲೂ ಬಿಡಲಿಲ್ಲ! 2015ರಲ್ಲಿ ಆತನ ಪೆಟ್ಟಿಗೆಯನ್ನು ದೇಶದ ಮಹನೀಯರ ಸಮಾಧಿ ಇರೋ ಪ್ಯಾರಿಸ್ಸಿನ ಪ್ಯಾಂಥಿಯನ್‌ಗೆ ಒಯ್ಯುವಾಗ ಮಾಜಿ ಸೈನಿಕರ ಕೆಲವು ಸಂಘಗಳು ಇದೇ ಪದ್ಯ ಹಿಡಿದು ಬೇಡ ಅಂದವು. ನಿಮಗೆ ಈ ಪದ್ಯ ಹಿಡಿಸದಿದ್ದರೆ ನನ್ನ ಜಗಳ ಇಲ್ಲ, ನನಗೂ ಅದು ಅಂಥ ಒಳ್ಳೆ ಪದ್ಯ ಅನ್ನಿಸಿಲ್ಲ. ಆದರೆ 19ಕ್ಕೆ ಬರೆದದ್ದನ್ನು ತೂಗುವ ತಕ್ಕಡಿಯಲ್ಲಿ 35ಕ್ಕೆ ಕೊಟ್ಟ ರಾಜೀನಾಮೆಯನ್ನೂ ಇಡಬೇಕು ಅಲ್ವಾ?

ಮೂರನೇ ಪ್ರಶ್ನೆಗೆ ಉತ್ತರ ಕೊಡೋದೇ ಕಷ್ಟ. ನೀವು ಹೇಳೋ ಆ ಇನ್ನೊಬ್ಬರು, ಮಾಂದೆಸ್ ಫ್ರಾನ್ಸ್, ಕೂಡ ವಕೀಲರೇ, ಯಹೂದಿಯೇ. 1941ರ ಜೂನ್‌ನಲ್ಲಿ ತಪ್ಪಿಸಿಕೊಂಡರು, ಲಂಡನ್ ಸೇರಿ, ಅಲ್ಲಿಂದ ಫ್ರೆಂಚರ ಹೋರಾಟ ನಡೆಸುತ್ತಿದ್ದ ಜನರಲ್ ದ ಗಾಲ್ ಜೊತೆ ವಿಮಾನಪಡೆಯಲ್ಲಿ ಹೋರಾಡಿದರು, 1954ರಲ್ಲಿ ಪ್ರಧಾನಿಯೂ ಆದರು. ಝೇ 1941ರ ಜನವರಿಯಿಂದ ರಿಯೋಂ ಜೈಲಿನಲ್ಲೇ ಉಳಿದ. ಗಡೀಪಾರಿಗೆ ಸಮುದ್ರ ದಾಟಿಸೋಕೆ ಯುದ್ಧ ಬಿಡಲಿಲ್ಲ, ಹಾಗಾಗಿ ಜೈಲು. ಹೆಂಡತಿ ಇಬ್ಬರು ಹೆಣ್ಣುಮಕ್ಕಳನ್ನು ಕಟ್ಟಿಕೊಂಡು ಅದೇ ಊರಿಗೆ ಬಂದು ಮನೆ ಮಾಡಿದರು, ಭೇಟಿಗೆ ಬರುತ್ತಿದ್ದರು. ಆತ ತಪ್ಪಿಸಿಕೊಂಡರೆ ಮರುದಿನ ಪೊಲೀಸರು ಯಾರ ಬಾಗಿಲು ತಟ್ಟುತ್ತಿದ್ದರು? ಇದು ಒಂದು ಕಾರಣ ಅಂತ ನನ್ನ ಲೆಕ್ಕ. ಇನ್ನೊಂದು, ಓಡಿಹೋದವನು ಅನ್ನೋದೇ ಆತನ ಮೇಲಿದ್ದ ಆರೋಪ. ಜೈಲಿನಿಂದಲೂ ಓಡಿದರೆ ಅದನ್ನು ತಾನೇ ಸಾಬೀತು ಮಾಡಿದ ಹಾಗೆ. ವಕೀಲರ ಬುದ್ಧಿ ಅದು. ಕಾಗದದಲ್ಲಿ ಕಟ್ಟಿದ ಗಂಟನ್ನು ಕಾಗದದಲ್ಲೇ ಬಿಚ್ಚಬೇಕು ಅನ್ನೋ ಹಟ.

'ಸುಮ್ಮನೆ ಕೂತ' ಅನ್ನೋದನ್ನು ಮಾತ್ರ ಒಪ್ಪೋದಿಲ್ಲ. ದಿನವೂ ಬರೆದ. ಆ ಬರಹಗಳನ್ನು ಹೆಂಡತಿ ಗುಟ್ಟಾಗಿ ಹೊರಗೆ ಸಾಗಿಸಿದರು, ಯುದ್ಧ ಮುಗಿದ ಮೇಲೆ 1946ರಲ್ಲಿ ಪುಸ್ತಕವಾಗಿ ಬಂತು. ಬೇರೆ ಹೆಸರಿನಲ್ಲಿ ಒಂದು ಪತ್ತೇದಾರಿ ಕಾದಂಬರಿ ಬರೆದು ಜೈಲಿನಲ್ಲಿದ್ದಾಗಲೇ ಅಚ್ಚು ಮಾಡಿಸಿದ, ಮಾಜಿ ಶಿಕ್ಷಣ ಮಂತ್ರಿ! ಗುಪ್ತ ಹೋರಾಟದವರೊಂದಿಗೆ ಸಂಪರ್ಕ ಇಟ್ಟುಕೊಂಡು, ಯುದ್ಧದ ನಂತರ ಶಾಲೆಗಳು ಹೇಗಿರಬೇಕು ಅಂತ ಟಿಪ್ಪಣಿ ಮಾಡಿಕೊಟ್ಟ. ನಾಳೆ ಯಾರು ಬದುಕಿರುತ್ತಾರೋ ಗೊತ್ತಿಲ್ಲದ ಕಾಲದಲ್ಲಿ ಈತನ ಚಿಂತೆ ಶಾಲೆಯದು. ನಿಮಗೆ ಈ ಮನುಷ್ಯ ಇಷ್ಟವಾಗಬೇಕಿತ್ತು ಮೇಷ್ಟ್ರೇ, ಅದಕ್ಕೇ ಇಷ್ಟು ಉದ್ದ ಬರೀತಿದ್ದೇನೆ.

1944ರ ಜೂನ್ 20. ಮಿತ್ರಪಡೆಗಳು ನಾರ್ಮಂಡಿಗೆ ಇಳಿದು ಎರಡು ವಾರ. ಇನ್ನೇನು ಬಿಡುಗಡೆ ಅನ್ನೋ ಹೊತ್ತು. ಮೂವರು ಜೈಲಿಗೆ ಬಂದರು. ಕೈಯಲ್ಲಿ ಆದೇಶ: ಕೈದಿ ಝೇಯನ್ನು ಮೆಲೂನ್ ಜೈಲಿಗೆ ವರ್ಗಾಯಿಸಬೇಕು. ಕಾಗದ ಸರಿಯಾಗಿತ್ತು, ಸಹಿ ಇತ್ತು. ಜೈಲಿನವರು ಕೈದಿಯನ್ನು ಒಪ್ಪಿಸಿದರು. ಬಂದವರು ಮಿಲಿಸ್‌ನವರು, ವಿಶಿ ಸರ್ಕಾರ 1943ರಲ್ಲಿ ಕಟ್ಟಿದ ಪಡೆಯ ಫ್ರೆಂಚ್ ಹುಡುಗರು. ದಾರಿಯಲ್ಲಿ, ನಾವು ಹೋರಾಟಗಾರರು, ನಿಮ್ಮನ್ನು ಬಿಡಿಸೋಕೆ ಬಂದಿದ್ದೇವೆ ಅಂತ ನಂಬಿಸಿದರು ಅನ್ನೋ ಮಾತೂ ಇದೆ. ಕುಸ್ಸೆ ಊರಿನ ಹತ್ತಿರ ಮೋಲ್ ಕಾಡಿನಲ್ಲಿ ಗಾಡಿ ನಿಲ್ಲಿಸಿದರು. 'ದೆವ್ವದ ಬಾವಿ' ಅಂತ ಜನ ಕರೆಯೋ ಕಮರಿ ಅಲ್ಲಿದೆ. ಗುಂಡು ಹೊಡೆದು, ಗುರುತು ಸಿಗದ ಹಾಗೆ ಬಟ್ಟೆ ಬಿಚ್ಚಿ, ಅದರೊಳಗೆ ಹಾಕಿದರು. ಝೇಗೆ ಇನ್ನೂ 40 ತುಂಬಿರಲಿಲ್ಲ.

ಯುದ್ಧ ಮುಗಿದ ಮೇಲೆ ಬೇಟೆಗಾರರಿಗೆ ಮೂಳೆಗಳು ಸಿಕ್ಕವು, ಯಾರದೋ ಅಂತ ಮಣ್ಣು ಮಾಡಿದರು. 1946ರ ಸೆಪ್ಟೆಂಬರ್‌ನಲ್ಲಿ ಕಾನ್ ಉತ್ಸವ ಕೊನೆಗೂ ಶುರುವಾದಾಗ ಆತನ ದೇಹ ಎಲ್ಲಿದೆ ಅಂತ ಮನೆಯವರಿಗೆ ಗೊತ್ತಿರಲಿಲ್ಲ. 1948ರಲ್ಲಿ ಕೊಲೆಗಾರರಲ್ಲಿ ಒಬ್ಬ ಇಟಲಿಯಲ್ಲಿ ಸಿಕ್ಕಿಬಿದ್ದ ಮೇಲೆ ವಿಷಯ ಹೊರಬಂದು, ಗುರುತು ಹತ್ತಿತು. 1953ರಲ್ಲಿ ಅವನಿಗೆ ಜೀವಾವಧಿ ಶಿಕ್ಷೆ ಆಯ್ತು. 1955ಕ್ಕೆ ಬಿಡುಗಡೆಯೂ ಆಯ್ತು. ಎರಡೇ ವರ್ಷ.

'ಜರ್ಮನ್ನರ ಕೈಯಲ್ಲಿ' ಅನ್ನೋದಕ್ಕೆ ಮುಂದಿನ ಸಂಚಿಕೆಯಲ್ಲಿ ತಿದ್ದುಪಡಿ ಹಾಕುತ್ತೇವೆ, ಪದ್ಯದ ವಿಷಯವನ್ನೂ ಸೇರಿಸುತ್ತೇವೆ. ನಿಮ್ಮ ಪತ್ರ ಪೂರ್ತಿ ಅಚ್ಚಾಗುತ್ತೆ, ಒಂದು ಅಕ್ಷರ ಕತ್ತರಿಸೋದಿಲ್ಲ. ಆ ಹರಿದುಹೋದ ಎರಡು ಸಾಲು ಏನಿತ್ತು ಅಂತ ಒಂದು ಕಾರ್ಡಿನಲ್ಲಿ ಬರೆದು ಹಾಕಿ. 'ನಿಮ್ಮ ಸಂಪಾದಕ' ಅಂತ ಶುರುವಾಗಿ 'ನಾಚಿಕೆ' ಅನ್ನೋವರೆಗೆ ಮಾತ್ರ ಓದೋಕೆ ಸಿಕ್ಕಿದೆ.

ನಮಸ್ಕಾರಗಳೊಂದಿಗೆ,
ಸಂಪಾದಕ