ಓದುಗರ ಪ್ರಶ್ನೆ, ನಮ್ಮ ಉತ್ತರ: ಚೆರೋಕಿ ಜನ, ಅವರ ಲಿಪಿ, ಅವರ ನೆಲ

ಅಮೆರಿಕದ ಮೂಲನಿವಾಸಿಗಳನ್ನು ಮಿಸಿಸಿಪ್ಪಿ ನದಿಯ ಆಚೆಗೆ ಸಾಗಹಾಕಲು 1830ರಲ್ಲಿ ಜಾರಿಗೆ ಬಂದ ಕಾಯ್ದೆಯನ್ನು ಕುರಿತು ಕಳೆದ ಸಂಚಿಕೆಯಲ್ಲಿ ಪ್ರಕಟವಾದ ಟಿಪ್ಪಣಿಯನ್ನು ಓದಿ ದಾವಣಗೆರೆ ಮತ್ತು ಚಿತ್ರದುರ್ಗ ಜಿಲ್ಲೆಗಳ ಹಲವು ಓದುಗರು ಪತ್ರ ಬರೆದಿದ್ದಾರೆ. ಬಹುಪಾಲು ಪ್ರಶ್ನೆಗಳು ಚೆರೋಕಿ ಜನರನ್ನೇ ಕುರಿತವಾದ್ದರಿಂದ ಈ ಸಲದ ಅಂಕಣವನ್ನು ಅವರಿಗೇ ಮೀಸಲಿಟ್ಟಿದ್ದೇವೆ.

ಪ್ರಶ್ನೆ: ಸಿನಿಮಾಗಳಲ್ಲಿ ತೋರಿಸುವಂತೆ ಚೆರೋಕಿಗಳೂ ತಲೆಗೆ ಗರಿಗಳ ಕಿರೀಟ ಕಟ್ಟಿಕೊಂಡು, ಚರ್ಮದ ಡೇರೆಗಳಲ್ಲಿ ವಾಸಿಸುತ್ತ, ಕುದುರೆಯೇರಿ ಕಾಡೆಮ್ಮೆಗಳನ್ನು ಬೇಟೆಯಾಡುತ್ತಿದ್ದರೇ?
(ಪದವಿ ವಿದ್ಯಾರ್ಥಿನಿ, ಚಿತ್ರದುರ್ಗ)

ಉತ್ತರ: ಇಲ್ಲ. ನೀವು ಹೇಳುವ ಚಿತ್ರ ಲಕೋಟ, ಶಯನ್ ಮೊದಲಾದ ಬಯಲುಸೀಮೆಯ ಜನರದ್ದು. ಅದನ್ನೇ ಖಂಡದ ನೂರಾರು ಸಮುದಾಯಗಳಿಗೆಲ್ಲ ಹೊದಿಸಿದ್ದು ಸಿನಿಮಾದವರು. ಚೆರೋಕಿಗಳು ಬೆಟ್ಟದ ತಪ್ಪಲಿನ ಬೇಸಾಯಗಾರರು. ಅಪಲೇಶಿಯನ್ ಪರ್ವತಶ್ರೇಣಿಯ ದಕ್ಷಿಣ ಭಾಗದಲ್ಲಿ, ಅಂದರೆ ಇಂದಿನ ಉತ್ತರ ಕ್ಯಾರೊಲಿನ, ದಕ್ಷಿಣ ಕ್ಯಾರೊಲಿನ, ಟೆನೆಸಿ, ಜಾರ್ಜಿಯ ಮತ್ತು ಅಲಬಾಮ ರಾಜ್ಯಗಳಿಗೆ ಹರಡಿದ ನೆಲದಲ್ಲಿ, ಹೊಳೆದಂಡೆಗಳನ್ನು ಹಿಡಿದು ಊರು ಕಟ್ಟಿಕೊಂಡಿದ್ದರು. ಮನೆಗಳು ತಡಿಕೆ ಹೆಣೆದು ಮಣ್ಣು ಮೆತ್ತಿದ ಗೋಡೆಯವು. ಬೇಸಿಗೆಗೆ ಆಯತಾಕಾರದ ಗಾಳಿಯಾಡುವ ಮನೆ, ಚಳಿಗಾಲಕ್ಕೆ ನಡುವೆ ಬೆಂಕಿಯಿಟ್ಟುಕೊಳ್ಳುವ ದುಂಡನೆಯ ಚಿಕ್ಕ ಮನೆ. ಊರಿನ ನಡುವಿನ ಸಭಾಮಂದಿರದಲ್ಲಿ ಏಳು ಕುಲಗಳವರು ತಮ್ಮ ತಮ್ಮ ಪಾಳಿಯ ಜಾಗದಲ್ಲಿ ಕುಳಿತು ಊರಿನ ವ್ಯವಹಾರವನ್ನು ಮಾತಾಡಿ ತೀರ್ಮಾನಿಸುತ್ತಿದ್ದರು. ಅವರ ನುಡಿ ಇರೋಕ್ವಾಯನ್ ಭಾಷಾಕುಟುಂಬಕ್ಕೆ ಸೇರಿದ್ದು. ಆ ಕುಟುಂಬದ ಉಳಿದ ನುಡಿಗಳೆಲ್ಲ ದೂರದ ಉತ್ತರದಲ್ಲಿ, ನ್ಯೂಯಾರ್ಕ್ ಮತ್ತು ಕೆನಡಾದ ಕಡೆ ಇವೆ.

ಪ್ರಶ್ನೆ: ಚೆರೋಕಿಗಳಲ್ಲಿ ಕುಲ ತಾಯಿಯಿಂದ ಬರುತ್ತದೆ ಎಂದು ಓದಿದ್ದೇನೆ. ನಮ್ಮ ಸೀಮೆಯ ಬೆಡಗುಗಳಿಗೂ ಅದಕ್ಕೂ ಹೋಲಿಕೆ ಉಂಟೇ?
(ನಿವೃತ್ತ ಶಿಕ್ಷಕರು, ಚಳ್ಳಕೆರೆ)

ಉತ್ತರ: ಒಂದು ಮುಖ್ಯ ವಿಷಯದಲ್ಲಿ ಹೋಲಿಕೆ ಉಂಟು, ಇನ್ನೊಂದರಲ್ಲಿ ಪೂರ್ತಿ ವ್ಯತ್ಯಾಸವಿದೆ. ಒಂದೇ ಬೆಡಗಿನವರು ಅಣ್ಣತಮ್ಮಂದಿರಾದ್ದರಿಂದ ಅವರೊಳಗೆ ಹೆಣ್ಣು ಕೊಟ್ಟು ತರುವುದಿಲ್ಲ ಎಂಬ ನಿಯಮ ಅಲ್ಲಿಯೂ ಇದೆ. ತೋಳ, ಜಿಂಕೆ, ಹಕ್ಕಿ, ಬಣ್ಣ, ನೀಲಿ, ಉದ್ದಗೂದಲು, ಕಾಡುಗೆಡ್ಡೆ ಎಂಬ ಏಳು ಕುಲಗಳಲ್ಲಿ ಒಂದೇ ಕುಲದವರು ಎಷ್ಟೇ ದೂರದ ಊರಿನವರಾಗಿದ್ದರೂ ಒಡಹುಟ್ಟಿದವರೇ. ಆದರೆ ನಮ್ಮಲ್ಲಿ ಬೆಡಗು ತಂದೆಯಿಂದ ಮಕ್ಕಳಿಗೆ ಬಂದರೆ ಅವರಲ್ಲಿ ತಾಯಿಯಿಂದ ಬರುತ್ತದೆ. ಮದುವೆಯಾದ ಗಂಡ ಹೆಂಡತಿಯ ಮನೆಗೆ ಬಂದು ಇರುತ್ತಿದ್ದನು. ಮನೆಯೂ ಹೊಲದ ಬೆಳೆಯೂ ಹೆಂಗಸರ ವಶದಲ್ಲಿದ್ದವು. ಹುಡುಗರಿಗೆ ಬೇಟೆ ಮತ್ತು ನಡೆನುಡಿ ಕಲಿಸುವ ಹೊಣೆ ತಂದೆಗಿಂತ ಹೆಚ್ಚಾಗಿ ಸೋದರಮಾವನದಾಗಿತ್ತು. ನಮ್ಮ ಕಡೆ ಸೋದರಮಾವನಿಗೆ ಅಕ್ಕನ ಮಗಳನ್ನು ಕೊಡುವ ರೂಢಿಯಿದೆಯಷ್ಟೆ. ಚೆರೋಕಿ ಲೆಕ್ಕದಲ್ಲಿ ಮಾವನೂ ಸೊಸೆಯೂ ಒಂದೇ ಕುಲದವರಾಗುವುದರಿಂದ ಅಂಥ ಮದುವೆಯನ್ನು ಅವರು ಕಲ್ಪಿಸಿಕೊಳ್ಳಲಾರರು. ತಂದೆಯ ಕುಲದವರೊಂದಿಗೂ ಮದುವೆ ಕೂಡದು.

ಕುಲಕ್ಕೆ ಇನ್ನೊಂದು ಕೆಲಸವೂ ಇತ್ತು. ಯಾರಾದರೂ ಕೊಲೆಯಾದರೆ ಅದರ ಲೆಕ್ಕ ತೀರಿಸುವುದು ಸತ್ತವನ ಕುಲದ ಕರ್ತವ್ಯವಾಗಿತ್ತು. 19ನೆಯ ಶತಮಾನದ ಮೊದಲ ದಶಕದ ಕೊನೆಗೆ ಚೆರೋಕಿ ಸಭೆ ಲಿಖಿತ ಕಾನೂನಿನ ಮೂಲಕ ಈ ಪದ್ಧತಿಯನ್ನು ತೆಗೆದುಹಾಕಿ, ಕುದುರೆ ಸವಾರರ ಕಾವಲುಪಡೆಯೊಂದನ್ನು ನೇಮಿಸಿತು. ಹೆಂಗಸರ ಮಾತಿಗೆ ಸಭೆಯಲ್ಲಿದ್ದ ಬೆಲೆಗೆ ನ್ಯಾನ್ಯೆಹಿ ಎಂಬಾಕೆಯ ಉದಾಹರಣೆ ಸಾಕು. 1755ರಲ್ಲಿ ಕ್ರೀಕ್ ಎಂಬ ನೆರೆಯ ಮೂಲನಿವಾಸಿಗಳ ವಿರುದ್ಧ ನಡೆದ ಕಾಳಗದಲ್ಲಿ ಗಂಡ ಸತ್ತುಬಿದ್ದಾಗ ಆಕೆ ಅವನ ಬಂದೂಕನ್ನೇ ಎತ್ತಿಕೊಂಡು ಹೋರಾಡಿದಳೆಂದು ಹೇಳುತ್ತಾರೆ. ಮುಂದೆ ಊರಿನ ಪೂಜ್ಯ ಸ್ತ್ರೀಯ ಪದವಿಗೇರಿದ ಆಕೆಗೆ ಸೆರೆಯಾಳುಗಳ ಪ್ರಾಣ ಉಳಿಸುವ ಅಧಿಕಾರವಿತ್ತು, ಮತ್ತು ಮುಪ್ಪಿನಲ್ಲಿ, 1817ರಲ್ಲಿ, ಇನ್ನು ನೆಲ ಬಿಟ್ಟುಕೊಡಬೇಡಿರೆಂದು ಆಕೆ ಸಭೆಗೆ ಹೇಳಿಕಳುಹಿಸಿದಳು.

ಪ್ರಶ್ನೆ: ಓದುಬರಹ ಬಾರದ ಒಬ್ಬ ವ್ಯಕ್ತಿ ಇಡೀ ಲಿಪಿಯನ್ನು ಕಂಡುಹಿಡಿದನೆಂಬುದು ನಂಬುವಂಥ ಮಾತೇ? ಆ ಲಿಪಿ ಹೇಗಿದೆ?
(ಮುದ್ರಣಾಲಯದ ಮಾಲೀಕರು, ದಾವಣಗೆರೆ)

ಉತ್ತರ: ನಂಬಲೇಬೇಕಾದ ಮಾತು. ಆತನ ಹೆಸರು ಸಿಕ್ವೋಯ, ಬೆಳ್ಳಿಕೆಲಸದವನು. ಇಂಗ್ಲಿಷನ್ನು ಓದಲಾಗಲಿ ಬರೆಯಲಾಗಲಿ ಆತನಿಗೆ ಬರುತ್ತಿರಲಿಲ್ಲ. ಬಿಳಿಯರು ಕಾಗದದ ಮೇಲೆ ಗುರುತು ಹಾಕಿ ದೂರದವರೊಡನೆ ಮಾತಾಡುವುದನ್ನು ಕಂಡು, ಇದು ತನ್ನ ನುಡಿಗೂ ಆಗುವ ಕೆಲಸವೆಂದು ನಿಶ್ಚಯಿಸಿ 1809ರ ಸುಮಾರಿಗೆ ಪ್ರಯತ್ನ ಆರಂಭಿಸಿದನು. ಮೊದಲು ಪ್ರತಿಯೊಂದು ಪದಕ್ಕೂ ಒಂದೊಂದು ಚಿಹ್ನೆ ಮಾಡಹೊರಟು, ಅದಕ್ಕೆ ಕೊನೆಯಿಲ್ಲವೆಂದು ಅರಿತು ಕೈಬಿಟ್ಟನು. ಆಮೇಲೆ ಮಾತನ್ನು ಒಡೆಯುತ್ತ ಹೋದಾಗ, ಎಷ್ಟು ಪದಗಳಿದ್ದರೂ ಅವುಗಳೊಳಗೆ ಮತ್ತೆ ಮತ್ತೆ ಬರುವ ಉಚ್ಚಾರದ ತುಣುಕುಗಳು ನೂರನ್ನೂ ಮುಟ್ಟುವುದಿಲ್ಲವೆಂಬುದು ಆತನಿಗೆ ಹೊಳೆಯಿತು. ಇಡೀ ಸಾಧನೆಯ ಜೀವಾಳ ಈ ಒಂದು ತಿಳಿವಿನಲ್ಲಿದೆ ಎಂದು ನಾನು ಭಾವಿಸುತ್ತೇನೆ. 1821ರಲ್ಲಿ 86 ಅಕ್ಷರಗಳ ಲಿಪಿ ಸಿದ್ಧವಾಯಿತು. ಈಗ ಬಳಕೆಯಲ್ಲಿರುವುದು 85. ಇದು ಮಾಟವೆಂದು ಅನುಮಾನಿಸಿದವರ ಮುಂದೆ ಆತ ತನ್ನ ಚಿಕ್ಕ ಮಗಳು ಅಯೋಕಳನ್ನು ದೂರ ನಿಲ್ಲಿಸಿ, ಅವರು ಹೇಳಿದ್ದನ್ನು ಬರೆದು, ಅವಳಿಂದ ಓದಿಸಿ ತೋರಿಸಿದನೆಂಬುದು ಪ್ರಸಿದ್ಧ ಕಥೆ.

ಮುದ್ರಣದ ಕೆಲಸ ಬಲ್ಲವರಾದ ನಿಮಗೆ ಲಿಪಿಯ ರಚನೆಯನ್ನು ಸ್ವಲ್ಪ ವಿವರವಾಗಿಯೇ ಹೇಳುತ್ತೇನೆ. ಆರು ಸ್ವರಗಳಿವೆ, ಆರನೆಯದು ಮೂಗಿನಿಂದ ನುಡಿಯುವ ಸ್ವರ. 'ಸ್' ಎಂಬ ಒಂದು ವ್ಯಂಜನಕ್ಕೆ ಮಾತ್ರ ಒಂಟಿ ಅಕ್ಷರವಿದೆ. ಉಳಿದ ಪ್ರತಿಯೊಂದು ಅಕ್ಷರವೂ ವ್ಯಂಜನ ಮತ್ತು ಸ್ವರ ಕೂಡಿದ ಒಂದು ಉಚ್ಚಾರ. ಆದರೆ ನಮ್ಮಂತೆ ಕಾಗುಣಿತವಿಲ್ಲ. ಕನ್ನಡದಲ್ಲಿ 'ಗ' ಎಂಬುದಕ್ಕೆ ಗುಡಿಸು, ಕೊಂಬು, ಏತ್ವ ಸೇರಿಸಿದರೆ ಗಿ, ಗು, ಗೆ ಆಗುತ್ತವೆ, ಮೂಲ ಆಕಾರ ಉಳಿಯುತ್ತದೆ. ಚೆರೋಕಿಯಲ್ಲಿ ಈ ನಾಲ್ಕಕ್ಕೂ ಒಂದಕ್ಕೊಂದು ಸಂಬಂಧವಿಲ್ಲದ ನಾಲ್ಕು ಆಕಾರಗಳಿವೆ. ಇಂಗ್ಲಿಷಿನ 'ಎ' ಅಕ್ಷರದಂತೆ ಕಾಣುವುದನ್ನು 'ಗೊ' ಎಂದೂ, 'ಜೆ'ಯಂತಿರುವುದನ್ನು 'ಗು' ಎಂದೂ, 'ಡಬ್ಲ್ಯೂ'ವಿನಂತಿರುವುದನ್ನು 'ಲ' ಎಂದೂ ಓದಬೇಕು. ಸಿಕ್ವೋಯ ಆಕಾರಗಳನ್ನು ಕಂಡದ್ದುಂಟು, ಅವುಗಳ ಧ್ವನಿಯನ್ನು ಎರವಲು ಪಡೆಯಲಿಲ್ಲ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಸಾಕ್ಷಿ ಬೇಡ.

ಶಾಲೆಗಳ ಹಂಗಿಲ್ಲದೆ, ಒಬ್ಬರಿಂದೊಬ್ಬರು ಕಲಿತು ಕೆಲವೇ ವರ್ಷಗಳಲ್ಲಿ ಜನ ಓದುಬರಹ ಬಲ್ಲವರಾದರು. 1825ರಲ್ಲಿ ಚೆರೋಕಿ ಸರ್ಕಾರ ಲಿಪಿಯನ್ನು ಒಪ್ಪಿಕೊಂಡಿತು. 1828ರ ಫೆಬ್ರವರಿ 21ರಂದು ರಾಜಧಾನಿ ನ್ಯೂ ಎಕೋಟದಲ್ಲಿ ‘ಚೆರೋಕಿ ಫೀನಿಕ್ಸ್’ ಪತ್ರಿಕೆಯ ಮೊದಲ ಸಂಚಿಕೆ ಹೊರಬಂದಿತು. ಇಂಗ್ಲಿಷ್ ಮತ್ತು ಚೆರೋಕಿ ಎರಡೂ ಭಾಷೆಗಳಲ್ಲಿ ಅಚ್ಚಾಗುತ್ತಿದ್ದ ಆ ಪತ್ರಿಕೆಗೆ ಚೆರೋಕಿಯವರೇ ಆದ ಇಲಿಯಾಸ್ ಬೂಡಿನಾಟ್ ಸಂಪಾದಕರಾಗಿದ್ದರು. ಅಚ್ಚುಮೊಳೆಗಳನ್ನು ಬಾಸ್ಟನ್ ನಗರದಲ್ಲಿ ಎರಕ ಹೊಯ್ಯಿಸಿ ತರಿಸಲಾಗಿತ್ತು. ಅಚ್ಚಿಗೆ ಬಾರದ ಬರವಣಿಗೆಯೂ ಬೆಳೆಯಿತು: ನಾಟಿವೈದ್ಯರು ರೋಗಕ್ಕೆ, ಬೇಟೆಗೆ, ಪ್ರೇಮಕ್ಕೆ ಹೇಳುವ ಮಂತ್ರಗಳನ್ನು ತಮ್ಮ ಖಾಸಗಿ ಪುಸ್ತಕಗಳಲ್ಲಿ ಬರೆದಿಟ್ಟುಕೊಂಡರು. 1880ರ ದಶಕದ ಕೊನೆಯಲ್ಲಿ ಜೇಮ್ಸ್ ಮೂನಿ ಎಂಬ ಸಂಶೋಧಕರು ಉತ್ತರ ಕ್ಯಾರೊಲಿನದ ಬೆಟ್ಟಗಳಲ್ಲಿ ಅಂಥ ಹಲವು ಪುಸ್ತಕಗಳನ್ನು ಸಂಗ್ರಹಿಸಿದರು.

ಪ್ರಶ್ನೆ: ಸುಪ್ರೀಂ ಕೋರ್ಟಿನಲ್ಲಿ ಚೆರೋಕಿಗಳ ಪರವಾಗಿ ತೀರ್ಪು ಬಂದಿದ್ದರೂ ಅವರನ್ನು ಒಕ್ಕಲೆಬ್ಬಿಸಲು ಹೇಗೆ ಸಾಧ್ಯವಾಯಿತು?
(ವಕೀಲರು, ದಾವಣಗೆರೆ)

ಉತ್ತರ: ತೀರ್ಪನ್ನು ಜಾರಿಗೊಳಿಸಬೇಕಾದವರು ಜಾರಿಗೊಳಿಸಲಿಲ್ಲ, ಅದೇ ಕಾರಣ. ‘ನಾಗರಿಕರಾಗಿ, ನಿಮ್ಮ ನೆಲ ನಿಮಗಿರುತ್ತದೆ’ ಎಂಬ ನೀತಿಯನ್ನು ಅಮೆರಿಕ ಸರ್ಕಾರ ಮೊದಲಿನಿಂದ ಹೇಳುತ್ತ ಬಂದಿತ್ತು. ಚೆರೋಕಿಗಳು ನೇಗಿಲು ಹಿಡಿದರು, ಶಾಲೆ ತೆರೆದರು, 1827ರಲ್ಲಿ ಸಂವಿಧಾನ ಬರೆದುಕೊಂಡರು. 1814ರಲ್ಲಿ ಹಾರ್ಸ್‌ಶೂ ಬೆಂಡ್ ಕಾಳಗದಲ್ಲಿ ಆಂಡ್ರೂ ಜಾಕ್ಸನ್‌ನ ಸೇನೆಯ ಪರವಾಗಿ ಹೋರಾಡಿ ಆತನ ಗೆಲುವಿಗೂ ನೆರವಾದರು. ಅದೇ ಜಾಕ್ಸನ್ ಅಧ್ಯಕ್ಷನಾಗಿ 1830ರ ಮೇ 28ರಂದು ಅವರನ್ನು ಹೊರದೂಡುವ ಕಾಯ್ದೆಗೆ ಸಹಿ ಹಾಕಿದನು. ಅಷ್ಟರಲ್ಲಿ ಜಾರ್ಜಿಯದ ಚೆರೋಕಿ ಸೀಮೆಯಲ್ಲಿ ಚಿನ್ನ ಸಿಕ್ಕಿತ್ತು.

ಜಾರ್ಜಿಯ ರಾಜ್ಯ ತನ್ನ ಕಾನೂನುಗಳನ್ನು ಚೆರೋಕಿ ನೆಲಕ್ಕೂ ವಿಸ್ತರಿಸಿ, ಪರವಾನಗಿಯಿಲ್ಲದೆ ಅಲ್ಲಿದ್ದ ಸ್ಯಾಮುಯೆಲ್ ವೂಸ್ಟರ್ ಮತ್ತು ಎಲೈಜರ್ ಬಟ್ಲರ್ ಎಂಬ ಪಾದ್ರಿಗಳಿಗೆ ನಾಲ್ಕು ವರ್ಷಗಳ ಕಠಿಣ ಶಿಕ್ಷೆ ವಿಧಿಸಿತು. 1832ರಲ್ಲಿ ಮುಖ್ಯ ನ್ಯಾಯಮೂರ್ತಿ ಜಾನ್ ಮಾರ್ಷಲ್, ಚೆರೋಕಿ ನೆಲದಲ್ಲಿ ಜಾರ್ಜಿಯದ ಕಾನೂನು ನಡೆಯದೆಂದು ತೀರ್ಪಿತ್ತರು. ‘ಮಾರ್ಷಲ್ ತೀರ್ಪು ಕೊಟ್ಟಿದ್ದಾನೆ, ಈಗ ಅವನೇ ಜಾರಿ ಮಾಡಲಿ’ ಎಂದು ಜಾಕ್ಸನ್ ಹೇಳಿದನೆಂಬ ಮಾತು ಬಹಳ ಪ್ರಚಾರದಲ್ಲಿದೆ. ಆತ ಹಾಗೆ ಆಡಿದ್ದಕ್ಕೆ ಗಟ್ಟಿಯಾದ ಆಧಾರವಿಲ್ಲ. ಮಾತು ಆತನದಲ್ಲದಿದ್ದರೂ ನಡೆದದ್ದು ಮಾತ್ರ ಹಾಗೆಯೇ. ಪಾದ್ರಿಗಳು 1833ರವರೆಗೂ ಸೆರೆಯಲ್ಲೇ ಇದ್ದರು. ಜಾರ್ಜಿಯ ಸರ್ಕಾರ ಚೆರೋಕಿಗಳ ಹೊಲಮನೆಗಳನ್ನು ಲಾಟರಿ ಎತ್ತಿ ಬಿಳಿಯರಿಗೆ ಹಂಚಿತು. ಚೆರೋಕಿಗಳ ಮುಖ್ಯಸ್ಥ ಜಾನ್ ರಾಸ್ ಅವರ ಸ್ವಂತ ಮನೆಯೂ ಹೀಗೆಯೇ ಪರರ ಪಾಲಾಯಿತು.

ಇನ್ನು ಪ್ರತಿರೋಧದಿಂದ ಫಲವಿಲ್ಲವೆಂದು ಭಾವಿಸಿದ ಮೇಜರ್ ರಿಡ್ಜ್, ಆತನ ಮಗ ಜಾನ್ ರಿಡ್ಜ್, ಸಂಪಾದಕ ಬೂಡಿನಾಟ್ ಮೊದಲಾದವರ ಚಿಕ್ಕ ಗುಂಪೊಂದು 1835ರ ಡಿಸೆಂಬರ್ 29ರಂದು 50 ಲಕ್ಷ ಡಾಲರಿಗೆ ಇಡೀ ಪೂರ್ವದ ನೆಲವನ್ನು ಬಿಟ್ಟುಕೊಡುವ ಒಪ್ಪಂದಕ್ಕೆ ಸಹಿ ಹಾಕಿತು. ಅವರಿಗೆ ಹಾಗೆ ಮಾಡಲು ಚೆರೋಕಿ ಸರ್ಕಾರ ಅಧಿಕಾರ ಕೊಟ್ಟಿರಲಿಲ್ಲ. ಸಾವಿರಾರು ಜನರ ಸಹಿಯಿದ್ದ ಪ್ರತಿಭಟನಾ ಮನವಿಗಳನ್ನು ರಾಸ್ ಸಲ್ಲಿಸಿದರೂ ಸೆನೆಟ್ ಒಂದೇ ಮತದ ಅಂತರದಿಂದ ಅದನ್ನು ಅಂಗೀಕರಿಸಿತು. 1838ರ ಮೇ ತಿಂಗಳಲ್ಲಿ ಜನರಲ್ ವಿನ್‌ಫೀಲ್ಡ್ ಸ್ಕಾಟ್ ನೇತೃತ್ವದ ಸುಮಾರು 7,000 ಸೈನಿಕರು ಜನರನ್ನು ಮನೆಗಳಿಂದ ಎಳೆದು ಮರದ ಬೇಲಿಯ ದೊಡ್ಡಿಗಳಲ್ಲಿ ಕೂಡಿಹಾಕಿದರು. ಬೇಸಿಗೆಯಲ್ಲೇ ದಡಾರ ಮತ್ತು ಆಮಶಂಕೆಯಿಂದ ಸಾವುಗಳು ಆರಂಭವಾದವು. ಉಳಿದವರು ಹಿಂಗಾರಿನ ವೇಳೆಗೆ 13 ತಂಡಗಳಾಗಿ ಪಶ್ಚಿಮಕ್ಕೆ, ಇಂದಿನ ಒಕ್ಲಹೋಮದ ಕಡೆಗೆ, ಹೊರಟರು. ನದಿಯಲ್ಲಿ ಹೆಪ್ಪುಗಟ್ಟಿದ ಹಿಮದ ಕಾರಣ ಕೆಲವು ತಂಡಗಳು ಮಿಸಿಸಿಪ್ಪಿಯ ದಡದ ಬಯಲಿನಲ್ಲೇ ಚಳಿಗಾಲದ ಹಲವು ವಾರಗಳನ್ನು ಕಳೆಯಬೇಕಾಯಿತು. ಸುಮಾರು 16,000 ಜನರಲ್ಲಿ 4,000 ಜನ ಸತ್ತರೆಂಬುದು ಸಾಮಾನ್ಯವಾಗಿ ಕೊಡುವ ಅಂದಾಜು. ‘ಕಣ್ಣೀರಿನ ಹಾದಿ’ ಎಂದು ಕರೆಯುವುದು ಈ ಪ್ರಯಾಣವನ್ನೇ.

ಸಭೆಯ ಅನುಮತಿಯಿಲ್ಲದೆ ನೆಲ ಮಾರಿದವನಿಗೆ ಮರಣದಂಡನೆ ಎಂಬ ಕಾನೂನು ಚೆರೋಕಿಗಳಲ್ಲಿತ್ತು. ನೆಲ ಮಾರಿಕೊಂಡ ಆಪಾದನೆಯಿದ್ದ ಡಬಲ್‌ಹೆಡ್ ಎಂಬ ನಾಯಕನನ್ನು 1807ರಲ್ಲಿ ಕೊಂದವರಲ್ಲಿ ಮೇಜರ್ ರಿಡ್ಜ್ ಕೂಡ ಒಬ್ಬನಾಗಿದ್ದನು. 1839ರ ಜೂನ್ 22ರಂದು ಇಬ್ಬರು ರಿಡ್ಜ್‌ಗಳೂ ಬೂಡಿನಾಟ್‌ನೂ ಅದೇ ಬಗೆಯ ಸಾವನ್ನು ಕಂಡರು.

ಪ್ರಶ್ನೆ: ಚೆರೋಕಿಗಳೂ ಗುಲಾಮರನ್ನು ಇಟ್ಟುಕೊಂಡಿದ್ದರಂತೆ, ನಿಜವೇ?
(ಓದುಗರು, ಹರಿಹರ)

ಉತ್ತರ: ನಿಜ. 1835ರ ಗಣತಿಯ ಹೊತ್ತಿಗೆ ಅವರ ಸೀಮೆಯಲ್ಲಿ ಸುಮಾರು 1,600 ಆಫ್ರಿಕನ್ ಮೂಲದ ಗುಲಾಮರಿದ್ದರು. ಒಡೆಯರಾಗಿದ್ದವರು ಶ್ರೀಮಂತ ಕುಟುಂಬಗಳ ಕೆಲವರು ಮಾತ್ರ. ಕಣ್ಣೀರಿನ ಹಾದಿಯಲ್ಲಿ ಈ ಗುಲಾಮರೂ ನಡೆದರು, ದುಡಿದರು, ಸತ್ತರು. ಅವರನ್ನು ಬಿಟ್ಟು ಆ ಕಥೆಯನ್ನು ಹೇಳುವುದು ಅನ್ಯಾಯ. 1866ರ ಒಪ್ಪಂದ ಬಿಡುಗಡೆಯಾದವರಿಗೂ ಅವರ ಸಂತತಿಗೂ ಚೆರೋಕಿ ಪೌರರ ಹಕ್ಕುಗಳನ್ನು ಕೊಟ್ಟಿತು. ಆದರೂ 2007ರಲ್ಲಿ ಅವರಲ್ಲಿ ಹೆಚ್ಚಿನವರನ್ನು ಪೌರತ್ವದಿಂದ ಹೊರಗಿಡುವ ತಿದ್ದುಪಡಿ ಬಂದಿತು. 2017ರಲ್ಲಿ ಫೆಡರಲ್ ನ್ಯಾಯಾಲಯ ಅವರ ಹಕ್ಕನ್ನು ಎತ್ತಿಹಿಡಿಯಿತು. 2021ರಲ್ಲಿ ಒಕ್ಲಹೋಮದ ಚೆರೋಕಿಗಳ ಸರ್ಕಾರವಾದ ಚೆರೋಕಿ ನೇಷನ್ನಿನ ಸುಪ್ರೀಂ ಕೋರ್ಟೇ ರಕ್ತಸಂಬಂಧದ ಷರತ್ತಿನ ಮಾತುಗಳನ್ನು ಸಂವಿಧಾನದಿಂದ ತೆಗೆಸಿತು.

ಪ್ರಶ್ನೆ: ನಮ್ಮ ತಾಲ್ಲೂಕಿನ ತುಂಬ ಬೆಳೆಯುವ ಮೆಕ್ಕೆಜೋಳ ಅವರಿಂದ ಬಂದದ್ದೇ?
(ರೈತರು, ಜಗಳೂರು)

ಉತ್ತರ: ಮೆಕ್ಕೆಜೋಳದ ಮೂಲ ಮೆಕ್ಸಿಕೊ, ಚೆರೋಕಿಗಳಿಗೂ ಅದು ಅಲ್ಲಿಂದಲೇ ಕಾಲಕ್ರಮದಲ್ಲಿ ಬಂದದ್ದು. ಆದರೆ ಅವರ ಪಾಲಿಗೆ ಅದು ಸೆಲು ಎಂಬ ತಾಯಿಯ ದೇಹದಿಂದ ಹುಟ್ಟಿದ ಧಾನ್ಯ, ಮತ್ತು ಹೊಸ ತೆನೆ ಬಂದಾಗ ಮಾಡುವ ಹಬ್ಬ ವರ್ಷದ ದೊಡ್ಡ ಹಬ್ಬಗಳಲ್ಲೊಂದು. ಮೆಕ್ಕೆಜೋಳ, ಹುರುಳಿಯಂಥ ಬಳ್ಳಿಯ ಕಾಳು, ಕುಂಬಳ ಈ ಮೂರನ್ನೂ ಒಂದೇ ಹೊಲದಲ್ಲಿ ಬೆಳೆಯುತ್ತಿದ್ದರು. ದಂಟು ಬಳ್ಳಿಗೆ ಆಸರೆ, ಕುಂಬಳದ ಎಲೆ ಕಳೆಗೆ ತಡೆ. ಕಾಳನ್ನು ಮರದ ಬೂದಿಯ ನೀರಿನಲ್ಲಿ ಬೇಯಿಸಿ ಸಿಪ್ಪೆ ಬಿಡಿಸುತ್ತಿದ್ದರು. ಇದರಿಂದ ಮೆಕ್ಕೆಜೋಳದಲ್ಲಿ ಬಂಧಿತವಾಗಿರುವ ನಯಾಸಿನ್ ಎಂಬ ಜೀವಸತ್ವ ದೇಹಕ್ಕೆ ದಕ್ಕುತ್ತದೆ.

ಪ್ರಶ್ನೆ: ಅವರ ಹಳೆಯ ಊರುಗಳು ಈಗ ಉಳಿದಿವೆಯೇ?
(ಓದುಗರು, ಹಿರಿಯೂರು)

ಉತ್ತರ: ಕೆಲವು ನೀರಿನ ಕೆಳಗಿವೆ. ಟೆನೆಸಿಯ ಲಿಟಲ್ ಟೆನೆಸಿ ನದಿಗೆ ಕಟ್ಟಿದ ಟೆಲಿಕೊ ಅಣೆಕಟ್ಟೆಯ ಬಾಗಿಲುಗಳನ್ನು 1979ರ ನವೆಂಬರಿನಲ್ಲಿ ಮುಚ್ಚಿದಾಗ, ಆ ರಾಜ್ಯಕ್ಕೆ ಹೆಸರು ಕೊಟ್ಟ ತನಾಸಿ ಎಂಬ ಊರಿನ ನೆಲೆಯೂ ಸಿಕ್ವೋಯನ ಹುಟ್ಟೂರೂ ಮುಳುಗಿದವು. ಪೂರ್ವಿಕರ ಸಮಾಧಿಗಳಿರುವ ಪವಿತ್ರ ನೆಲವೆಂದು ಚೆರೋಕಿಗಳು ಹೂಡಿದ ಮೊಕದ್ದಮೆ ಸೋತಿತು. ಚೋಟ ಎಂಬ ಹಳೆಯ ರಾಜಧಾನಿಯ ಸಭಾಮಂದಿರದ ಜಾಗವನ್ನು ಮಾತ್ರ ಮಣ್ಣು ತುಂಬಿ ಎತ್ತರಿಸಿ, ಏಳು ಕುಲಗಳಿಗೆ ಏಳು, ಇಡೀ ನಾಡಿಗೆ ಒಂದು ಎಂಬಂತೆ ಎಂಟು ಕಂಬಗಳನ್ನು ನೆಟ್ಟಿದ್ದಾರೆ. ಇನ್ನೊಂದು ಕಡೆ ಸಂತೋಷದ ಸುದ್ದಿಯೂ ಇದೆ. ಚೆರೋಕಿಗಳು ತಮ್ಮ ತಾಯಿ ಊರೆಂದು ಭಾವಿಸುವ ಕಿಟುವಾ, ಉತ್ತರ ಕ್ಯಾರೊಲಿನದ ಬ್ರೈಸನ್ ಸಿಟಿಯ ಹತ್ತಿರವಿದೆ. ಶತಮಾನಕ್ಕೂ ಹೆಚ್ಚು ಕಾಲ ಪರರ ಹೊಲವಾಗಿ ಉಳುಮೆಗೆ ಸಿಕ್ಕು ಸವೆದಿದ್ದ ಅಲ್ಲಿನ ದಿಬ್ಬವನ್ನೂ ಸುತ್ತಲಿನ 309 ಎಕರೆಯನ್ನೂ ಪಶ್ಚಿಮಕ್ಕೆ ಹೋಗದೆ ಬೆಟ್ಟಗಳಲ್ಲೇ ಉಳಿದ ಪೂರ್ವದ ಚೆರೋಕಿಗಳು 1996ರಲ್ಲಿ ಹಣ ಕೊಟ್ಟು ಮರಳಿ ಪಡೆದರು.

ಪ್ರಶ್ನೆ: ಇಂದು ಅವರ ಸ್ಥಿತಿ ಹೇಗಿದೆ? ಭಾಷೆ ಉಳಿದಿದೆಯೇ? 1835ರ ಒಪ್ಪಂದಕ್ಕೆ ಈಗಲೂ ಬೆಲೆ ಇದೆಯೇ?
(ಉಪನ್ಯಾಸಕರು, ಹೊಸದುರ್ಗ)

ಉತ್ತರ: ಅಮೆರಿಕ ಸರ್ಕಾರದ ಮನ್ನಣೆಯುಳ್ಳ ಮೂರು ಚೆರೋಕಿ ಸಮುದಾಯಗಳಿವೆ. ಒಕ್ಲಹೋಮದ ಟಾಲೆಕ್ವಾ ರಾಜಧಾನಿಯಾಗಿರುವ ಚೆರೋಕಿ ನೇಷನ್‌ಗೆ 4.5 ಲಕ್ಷಕ್ಕೂ ಹೆಚ್ಚು ಪೌರರಿದ್ದಾರೆ. ಅಲ್ಲಿಯೇ ಇರುವ ಯುನೈಟೆಡ್ ಕಿಟುವಾ ಬ್ಯಾಂಡ್ ಮತ್ತು ಬೆಟ್ಟಗಳಲ್ಲೇ ಉಳಿದುಕೊಂಡವರ ಸಂತತಿಯಾದ ಉತ್ತರ ಕ್ಯಾರೊಲಿನದ ಈಸ್ಟರ್ನ್ ಬ್ಯಾಂಡ್ ಅದಕ್ಕಿಂತ ತುಂಬ ಚಿಕ್ಕವು. 1985ರಿಂದ 1995ರವರೆಗೆ ವಿಲ್ಮಾ ಮ್ಯಾನ್‌ಕಿಲ್ಲರ್ ಚೆರೋಕಿ ನೇಷನ್ನಿನ ಮೊದಲ ಮಹಿಳಾ ಮುಖ್ಯಸ್ಥೆಯಾಗಿದ್ದರು; ಬೆಲ್ ಎಂಬ ಹಳ್ಳಿಯಲ್ಲಿ ಊರವರೇ ಕಾಲುವೆ ತೋಡಿ ನೀರಿನ ಕೊಳವೆ ಹಾಕಿಕೊಂಡ ಯೋಜನೆ ಅವರ ಹೆಸರನ್ನು ಮೊದಲು ಎಲ್ಲೆಡೆ ತಿಳಿಸಿತು.

ಭಾಷೆಯ ವಿಷಯ ಚಿಂತೆಗೆ ಕಾರಣವಾಗಿದೆ. ಚೆರೋಕಿಯನ್ನು ಮನೆಮಾತಾಗಿ ಕಲಿತವರು ಸುಮಾರು 2,000 ಮಾತ್ರ, ಅವರಲ್ಲಿ ಬಹುಪಾಲು ಹಿರಿಯರು. ಮಕ್ಕಳನ್ನು ವಸತಿಶಾಲೆಗಳಲ್ಲಿಟ್ಟು ತಾಯ್ನುಡಿ ಆಡಿದರೆ ಶಿಕ್ಷಿಸುತ್ತಿದ್ದ ಕಾಲದ ಫಲ ಇದು. 2019ರಲ್ಲಿ ಮೂರೂ ಸಮುದಾಯಗಳು ಸೇರಿ ಭಾಷೆಗೆ ತುರ್ತುಪರಿಸ್ಥಿತಿ ಘೋಷಿಸಿದವು. ಟಾಲೆಕ್ವಾದಲ್ಲಿ ಎಲ್ಲ ಪಾಠಗಳನ್ನೂ ಚೆರೋಕಿಯಲ್ಲೇ ಹೇಳಿಕೊಡುವ ಶಾಲೆ 2001ರಿಂದ ನಡೆಯುತ್ತಿದೆ. ಸಿಕ್ವೋಯನ ಅಕ್ಷರಗಳು 1999ರಲ್ಲೇ ಯೂನಿಕೋಡ್‌ಗೆ ಸೇರಿದ್ದರಿಂದ ಅಲ್ಲಿನ ಮಕ್ಕಳು ಫೋನಿನಲ್ಲಿಯೂ ತಮ್ಮ ಲಿಪಿಯಲ್ಲೇ ಬರೆಯುತ್ತಾರೆ.

ಒಪ್ಪಂದದ ಬಗೆಗಿನ ನಿಮ್ಮ ಪ್ರಶ್ನೆಗೆ ಉತ್ತರ, ಇದೆ. ಚೆರೋಕಿಗಳು ಒಪ್ಪದ, ಅವರ ನೆಲ ಕಿತ್ತುಕೊಂಡ ಆ ಒಪ್ಪಂದದ ಏಳನೆಯ ವಿಧಿ ಅಮೆರಿಕದ ಜನಪ್ರತಿನಿಧಿ ಸಭೆಯಲ್ಲಿ ಅವರಿಗೊಬ್ಬ ಪ್ರತಿನಿಧಿ ಇರಬಹುದೆಂದು ಮಾತು ಕೊಟ್ಟಿತ್ತು. 2019ರಲ್ಲಿ ಚೆರೋಕಿ ನೇಷನ್ ಆ ವಿಧಿಯನ್ನು ಮುಂದಿಟ್ಟು ಕಿಂಬರ್ಲಿ ಟೀಹೀ ಅವರನ್ನು ಹೆಸರಿಸಿತು. 2022ರ ನವೆಂಬರಿನಲ್ಲಿ ಸಭೆಯ ಸಮಿತಿಯೊಂದು ಈ ಬಗ್ಗೆ ವಿಚಾರಣೆ ನಡೆಸಿತಾದರೂ ಅಲ್ಲಿ ಪೀಠ ಸಿಗಲಿಲ್ಲ. ನೇಷನ್ ತನ್ನ ಬೇಡಿಕೆಯನ್ನು ಕೈಬಿಟ್ಟಿಲ್ಲ.