ರಿಪೋರ್ಟಿನಲ್ಲಿ ಕ್ಯಾನ್ಸರ್ ಇಲ್ಲ, ಮತ್ತೆ ಎಂಡೋಸ್ಕೋಪಿ ಯಾಕೆ?

ಪ್ರಶ್ನೆ: ಅಪ್ಪನಿಗೆ 58 ವರ್ಷ, ಅಂಕೋಲಾ ಕಡೆ ಬೋಟಿನ ಕೆಲಸ. ಮೂರು ತಿಂಗಳಿಂದ ಹೊಟ್ಟೆ ಉರಿ, ಊಟ ಸೇರುತ್ತಿರಲಿಲ್ಲ. ಕಾರವಾರದಲ್ಲಿ ಎಂಡೋಸ್ಕೋಪಿ ಮಾಡಿಸಿದೆವು. ಜಠರದಲ್ಲಿ ಹುಣ್ಣು ಸಿಕ್ಕಿತು, ಚೂರು ತೆಗೆದು ಬಯಾಪ್ಸಿಗೆ ಕಳಿಸಿದರು. ಕ್ಯಾನ್ಸರ್ ಇಲ್ಲ, ಆದರೆ ಎಚ್. ಪೈಲೋರಿ ಮತ್ತು 'ಇಂಟೆಸ್ಟೈನಲ್ ಮೆಟಾಪ್ಲೇಸಿಯಾ' ಇದೆ ಎಂದು ಬಂದಿದೆ. ಎಂಟು ವಾರ ಬಿಟ್ಟು ಮತ್ತೆ ಎಂಡೋಸ್ಕೋಪಿ ಅಂದಿದ್ದಾರೆ. ಮಾತ್ರೆಯಿಂದ ಅಪ್ಪ ಈಗ ಆರಾಮ. ಚೂರು ತೆಗೆದರೆ ಕ್ಯಾನ್ಸರ್ ಹರಡುತ್ತದೆ ಅಂತ ನೆರೆಯವರು ಹೇಳಿದ್ದನ್ನು ಕೇಳಿ ಬರಲು ಒಪ್ಪುತ್ತಿಲ್ಲ.

ಉತ್ತರ: ದಯವಿಟ್ಟು ಅಪ್ಪನನ್ನು ಒಪ್ಪಿಸಿ ಕರೆದುಕೊಂಡು ಹೋಗಿ. ಜಠರದಿಂದ ಚೂರು ತೆಗೆದರೆ ಕ್ಯಾನ್ಸರ್ ಹರಡುತ್ತದೆ ಎಂಬ ಮಾತು ನಿಜವಲ್ಲ. ಈ ಹೆದರಿಕೆಯಿಂದಲೇ ಎಷ್ಟೋ ಜನ ತಡವಾಗಿ ಬರುತ್ತಾರೆ. ನನಗೆ ತುಂಬ ಸಂಕಟವಾಗುವುದು ಅದಕ್ಕೇ.

ಮೈಕ್ರೋಸ್ಕೋಪಿನಲ್ಲಿ ನೋಡುವ ನಮಗೆ ಸಿಗುವುದು ಅಕ್ಕಿ ಕಾಳಿಗಿಂತ ಸಣ್ಣ ಚೂರುಗಳು. 'ಕ್ಯಾನ್ಸರ್ ಇಲ್ಲ' ಎಂದರೆ ಆ ಚೂರುಗಳಲ್ಲಿ ಇಲ್ಲ ಎಂದಷ್ಟೇ. ಅದಕ್ಕೇ ಹುಣ್ಣಿನ ಅಂಚು, ತಳ ಎರಡರಿಂದಲೂ ಆರೆಂಟು ಚೂರು ತೆಗೆಯುತ್ತಾರೆ. ಆದರೂ ಒಂದು ಬಗೆಯ ಕ್ಯಾನ್ಸರ್ ತಪ್ಪಿಸಿಕೊಳ್ಳಬಹುದು. ಅದರ ಕಣಗಳು ಗಡ್ಡೆ ಕಟ್ಟುವುದಿಲ್ಲ. ಒಂದೊಂದಾಗಿ ಒಳಪದರದ ಕೆಳಗೆ ನುಸುಳುತ್ತಾ ಹೋಗುತ್ತವೆ. ಮೇಲಿನ ಪದರ ನೋಡಲು ಸರಿಯಾಗಿಯೇ ಇರಬಹುದು. ಇನ್ನೊಂದು ವಿಷಯ: ಆಸಿಡ್ ಕಡಿಮೆ ಮಾಡುವ ಮಾತ್ರೆಯಿಂದ ಕ್ಯಾನ್ಸರಿನ ಹುಣ್ಣೂ ಸ್ವಲ್ಪ ದಿನ ಒಣಗಿದ ಹಾಗೆ ಕಾಣಬಹುದು, ಉರಿಯೂ ಇಳಿಯಬಹುದು. ಹಾಗಾಗಿ 'ಈಗ ಆರಾಮ' ಎನ್ನುವುದನ್ನು ನಂಬಿ ಕೂರುವಂತಿಲ್ಲ. ಹುಣ್ಣು ಪೂರ್ತಿ ಮಾಯ್ದಿದೆಯಾ ಎಂದು ಕಣ್ಣಾರೆ ನೋಡಬೇಕು. ಮಾಯದಿದ್ದರೆ ಮತ್ತೆ ಚೂರು ತೆಗೆಯಬೇಕು.

'ಇಂಟೆಸ್ಟೈನಲ್ ಮೆಟಾಪ್ಲೇಸಿಯಾ' ಎಂಬ ಉದ್ದದ ಹೆಸರಿಗೆ ಹೆದರಬೇಡಿ. ಎಚ್. ಪೈಲೋರಿ ಎಂಬ ಬ್ಯಾಕ್ಟೀರಿಯಾ ವರ್ಷಗಟ್ಟಲೆ ಇದ್ದರೆ ಜಠರದ ಒಳಪದರ ಸವೆದು, ಕೆಲವು ಕಡೆ ಕರುಳಿನ ಪದರದ ಹಾಗೆ ಬದಲಾಗುತ್ತದೆ. ಇದು ಕ್ಯಾನ್ಸರ್ ಅಲ್ಲ. ಹೆಚ್ಚಿನವರಲ್ಲಿ ಮುಂದಕ್ಕೂ ಕ್ಯಾನ್ಸರ್ ಆಗುವುದಿಲ್ಲ. ಆದರೆ ಅಪಾಯ ಸ್ವಲ್ಪ ಜಾಸ್ತಿ, ಅಷ್ಟು ನಿಜ. ಈ ಬ್ಯಾಕ್ಟೀರಿಯಾವನ್ನು 1982ರಲ್ಲಿ ಬೆಳೆಸಿ ತೋರಿಸಿದ ಆಸ್ಟ್ರೇಲಿಯಾದ ಡಾಕ್ಟರುಗಳಾದ ಮಾರ್ಷಲ್ ಮತ್ತು ವಾರನ್ ಅವರಿಗೆ 2005ರಲ್ಲಿ ನೊಬೆಲ್ ಬಂತು. ಇವತ್ತು ಅದಕ್ಕೆ ಔಷಧಿ ಇದೆ. ಸಾಮಾನ್ಯವಾಗಿ 14 ದಿನದ ಕೋರ್ಸ್. ನಡುವೆ ಬಿಟ್ಟರೆ ಬ್ಯಾಕ್ಟೀರಿಯಾ ಉಳಿದುಕೊಳ್ಳಬಹುದು. ಕೋರ್ಸ್ ಮುಗಿದು ನಾಲ್ಕು ವಾರವಾದ ಮೇಲೆ ಅದು ಹೋಗಿದೆಯಾ ಎಂದೂ ಪರೀಕ್ಷೆ ಮಾಡಿಸಿ.

ಬೀಡಿ ಸೇದುತ್ತಿದ್ದರೆ ಬಿಡಿಸಿ. ಉಪ್ಪು ಹಾಕಿದ ಒಣಮೀನು, ಉಪ್ಪಿನಕಾಯಿ ದಿನಾ ಬೇಡ. ತಾಜಾ ಬಂಗಡೆ ತಿನ್ನಲು ಅಡ್ಡಿಯಿಲ್ಲ.

ಹೋಗುವಾಗ ಹಳೆಯ ರಿಪೋರ್ಟ್ ತಗೊಂಡು ಹೋಗಿ. ಬೇರೆ ಊರಿಗೆ ಹೋಗುವುದಾದರೆ ಲ್ಯಾಬಿನಿಂದ ಸ್ಲೈಡು, ಬ್ಲಾಕುಗಳನ್ನೂ (ತೆಗೆದ ಚೂರನ್ನು ಮೇಣದಲ್ಲಿ ಇಟ್ಟಿರುವ ತುಂಡುಗಳು) ಕೇಳಿ ಪಡೆಯಿರಿ. ಅಷ್ಟರೊಳಗೆ ಮಲ ಟಾರಿನ ಹಾಗೆ ಕಪ್ಪಾದರೆ, ರಕ್ತ ವಾಂತಿಯಾದರೆ ಎಂಟು ವಾರ ಕಾಯಬೇಡಿ, ಅವತ್ತೇ ಆಸ್ಪತ್ರೆಗೆ ಹೋಗಿ. ತೂಕ ಇಳಿಯುತ್ತಿದ್ದರೆ, ನುಂಗಲು ಕಷ್ಟವಾದರೆ ಡಾಕ್ಟರಿಗೆ ಬೇಗ ತಿಳಿಸಿ.