ಸಂಬಳದ ಚೀಟಿ ಇಲ್ಲದ ಹಮಾಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರೆ ಪರಿಹಾರ ಹೇಗೆ ಲೆಕ್ಕ ಹಾಕುತ್ತಾರೆ?

ಚೀಟಿ ಇಲ್ಲ ಅಂತ ಕೇಸು ಬಿದ್ದುಹೋಗೋದಿಲ್ಲ. ಲೋಕ ಅದಾಲತ್‌ಗೆಂದು ಮಾಡಿದ ವರ್ಷವಾರು ಅಂದಾಜು ಆದಾಯದ ಪಟ್ಟಿಯನ್ನೇ ನಮ್ಮ ರಾಜ್ಯದ ಕೋರ್ಟುಗಳು ಸಾಮಾನ್ಯವಾಗಿ ನೋಡುತ್ತವೆ.

ದಾವಣಗೆರೆ ಎಪಿಎಂಸಿಯಲ್ಲಿ ಮೂಟೆ ಹೊರುವ 34 ವರ್ಷದವರು ಅಂದುಕೊಳ್ಳಿ. ಮನೆಯಲ್ಲಿ ಹೆಂಡತಿ, ಇಬ್ಬರು ಮಕ್ಕಳು, ತಾಯಿ. ತಿಂಗಳ ದುಡಿಮೆ 15,000 ಅಂತ ಕೋರ್ಟು ಒಪ್ಪಿತು. ವಯಸ್ಸು 40ರೊಳಗೆ, ಕಾಯಂ ನೌಕರಿ ಅಲ್ಲ. ಹಾಗಾಗಿ ಮುಂದೆ ಹೆಚ್ಚಬಹುದಾಗಿದ್ದ ಗಳಿಕೆಗೆ ಶೇ. 40 ಸೇರಿಸಿ 21,000. ಅವಲಂಬಿತರು ನಾಲ್ವರು, ಸ್ವಂತ ಖರ್ಚಿಗೆ ಕಾಲು ಭಾಗ ಕಳೆದರೆ 15,750. ವರ್ಷಕ್ಕೆ 1,89,000. 31ರಿಂದ 35ರ ವಯಸ್ಸಿಗೆ ಗುಣಕ, ಅಂದರೆ ವರ್ಷದ ಮೊತ್ತವನ್ನು ಗುಣಿಸುವ ಸಂಖ್ಯೆ, 16. ಒಟ್ಟು 30,24,000. ಮದುವೆಯಾಗದವರಾದರೆ ಸಾಮಾನ್ಯವಾಗಿ ಅರ್ಧವೇ ಕಳೀತಾರೆ, ಹೆತ್ತವರಿಗೆ ಇದು ದೊಡ್ಡ ಹೊಡೆತ.

ಗುಣಕ ಸುಪ್ರೀಂ ಕೋರ್ಟಿನ 2009ರ ಸರಳಾ ವರ್ಮಾ ತೀರ್ಪಿನದು, ಶೇ. 40 ಬಂದದ್ದು 2017ರ ಪ್ರಣಯ್ ಸೇಥಿ ತೀರ್ಪಿನಿಂದ. ಇದರ ಜೊತೆಗೆ ಅಂತ್ಯಕ್ರಿಯೆಗೆ 15,000, ಆಸ್ತಿ ನಷ್ಟಕ್ಕೆ (ತೀರಿಕೊಂಡವರು ಉಳಿಸಿ ಬಿಟ್ಟುಹೋಗಬಹುದಾಗಿದ್ದದ್ದಕ್ಕೆ) 15,000, ಸಾಂಗತ್ಯ ನಷ್ಟಕ್ಕೆ (ಅವರ ಜೊತೆ, ಆಸರೆ ತಪ್ಪಿದ್ದಕ್ಕೆ) 40,000 ಅಂತ ಅದೇ ಹೇಳಿದ್ದು. ಮೂರು ವರ್ಷಕ್ಕೊಮ್ಮೆ ಶೇ. 10 ಏರಬೇಕು. ಸಾಂಗತ್ಯದ ಹಣ ಹೆಂಡತಿಗಷ್ಟೇ ಅಲ್ಲ, ಮಕ್ಕಳಿಗೂ ತಾಯಿಗೂ ಬರುತ್ತೆ. ಅರ್ಜಿಯಲ್ಲಿ ಇದನ್ನು ಬಿಟ್ಟುಬಿಡುವವರೇ ಜಾಸ್ತಿ.

ಅಪಘಾತದಲ್ಲಿ ತೀರಿಕೊಂಡವರ ತಪ್ಪೂ ಇತ್ತು ಅಂತ ಸಾಬೀತಾದರೆ ಅಷ್ಟು ಪಾಲು ಕಡಿತ. ಎಫ್‌ಐಆರ್, ಸ್ಥಳ ಮಹಜರು ನಕಲು ಮೊದಲೇ ತೆಗೆಸಿಕೊಳ್ಳಿ.